ಗಡಿಭಾಗದ ಹಳೇ ನಟಿಯ ಸಿನಿಮಾಗಳನ್ನು ಪುಣೆಯಲ್ಲಿ ಕೂತು ಪಟ್ಟಿ ಮಾಡೋದು ಹೇಗೆ

ನಮ್ಮ ಕಡೆ ಹುಟ್ಟಿ ಮರಾಠಿ, ಹಿಂದಿ ಸಿನಿಮಾದಲ್ಲಿ ಹೆಸರು ಮಾಡಿದ ನಟಿಯರು ಬಹಳ ಜನ ಇದ್ದಾರೆ. ಆದರೆ ಅವರ ಸಿನಿಮಾಗಳ ಪಟ್ಟಿ ಅರ್ಧಂಬರ್ಧವೇ ಸಿಗುತ್ತದೆ. ಕನ್ನಡ, ಮರಾಠಿ ಎರಡೂ ಓದಬಲ್ಲವರು ಪುಣೆಯ ಕನ್ನಡಿಗರು ಅಲ್ವಾ? ಹಾಗಾಗಿ ಈ ಕೆಲಸ ನಾವೇ ಮಾಡಬೇಕು.

ಮೊದಲು ಒಬ್ಬರನ್ನೇ ಹಿಡಿಯಿರಿ. ಹುಬ್ಬಳ್ಳಿ ಹತ್ತಿರದ ಅದರಗುಂಚಿಯ ಶಾಂತಾ ಹುಬ್ಳೀಕರ್ ಒಳ್ಳೆಯ ಆಯ್ಕೆ, ಯಾಕಂದ್ರೆ ಅವರು ಕೆಲಸ ಮಾಡಿದ ಪ್ರಭಾತ್ ಸಿನಿಮಾ ಕಂಪನಿ ಇದ್ದದ್ದು ಪುಣೆಯಲ್ಲೇ. 1929ರಲ್ಲಿ ಕೊಲ್ಹಾಪುರದಲ್ಲಿ ಶುರುವಾಗಿ 1933ರಲ್ಲಿ ಪುಣೆಗೆ ಬಂತು. ಈಗ ಫಿಲ್ಮ್ ಇನ್‌ಸ್ಟಿಟ್ಯೂಟ್ ಇರುವ ಜಾಗವೇ ಅದು.

ಇಲ್ಲಿ ಎಲ್ಲರೂ ಎಡವುವ ಜಾಗ ಒಂದಿದೆ. ಪ್ರಭಾತ್‌ನವರು ಒಂದೇ ಕಥೆಯನ್ನು ಮರಾಠಿಯಲ್ಲೂ ಹಿಂದಿಯಲ್ಲೂ ತೆಗೆಯುತ್ತಿದ್ದರು. ಡಬ್ಬಿಂಗ್ ಅಲ್ಲ, ಎರಡು ಬೇರೆ ಸಿನಿಮಾ. 1938ರ 'ಮಾಝಾ ಮುಲಗಾ' ಹಿಂದಿಯಲ್ಲಿ 'ಮೇರಾ ಲಡಕಾ', 1939ರ 'ಮಾಣೂಸ್' ಹಿಂದಿಯಲ್ಲಿ 'ಆದ್ಮೀ'. ನಿಮ್ಮ ಪಟ್ಟಿಯಲ್ಲಿ ಇವು ಎರಡಲ್ಲ, ನಾಲ್ಕು ಸಾಲು. ಭಾಷೆಗೊಂದು ಕಾಲಂ ಹಾಕಿ, ತಾರಾಗಣವನ್ನೂ ಪ್ರತಿ ಸಾಲಿಗೆ ಬೇರೆಯಾಗಿ ನೋಡಿ. 'ಮಾಣೂಸ್' ಅಂತೂ ಕೂತು ನೋಡಲೇಬೇಕು. ವೇಶ್ಯೆ ಮೈನಾ ಆಗಿ ಶಾಂತಾ, ಪೊಲೀಸ್ ಪೇದೆಯಾಗಿ ಶಾಹು ಮೋಡಕ್. 'ಕಶಾಲಾ ಉದ್ಯಾಚೀ ಬಾತ್' (ನಾಳೆಯ ಮಾತು ಯಾಕೆ) ಹಾಡಿನಲ್ಲಿ ಶಾಂತಾ ಒಂದು ಭಾಷೆಯಿಂದ ಇನ್ನೊಂದಕ್ಕೆ ಎಷ್ಟು ಸಲೀಸಾಗಿ ಹಾರುತ್ತಾರೆ ನೋಡಿ, ಅಂಥ ಬಾಯಿ ಗಡಿಭಾಗದವರಿಗೇ ಬರೋದು ಅಂತ ನನಗೆ ಅನಿಸುತ್ತದೆ.

ಆತ್ಮಕಥೆಗೂ ಅವರು ಅದೇ ಹಾಡಿನ ಸಾಲನ್ನು ಹೆಸರಾಗಿ ಇಟ್ಟಿದ್ದಾರೆ. ಮರಾಠಿಯಲ್ಲಿದೆ, ಓದಿ. ಅದರಿಂದ ಜನರ ಹೆಸರು, ಕಂಪನಿಗಳ ಹೆಸರು ಬರೆದುಕೊಳ್ಳಿ. ಇಸವಿಗಳನ್ನು ಮಾತ್ರ ಬೇರೆ ಕಡೆಯೂ ತಾಳೆ ನೋಡಿ, ವಯಸ್ಸಾದ ಮೇಲೆ ನೆನಪಿನಿಂದ ಬರೆದದ್ದು ಅಲ್ವಾ.

ತಾಳೆ ನೋಡೋದಕ್ಕೆ ಲಾ ಕಾಲೇಜ್ ರಸ್ತೆಯ ಫಿಲ್ಮ್ ಆರ್ಕೈವ್ ಇದೆ, 1964ರಿಂದ. ಸುಮ್ನೆ ಹೋಗಿ ನಿಲ್ಲಬೇಡಿ. ಯಾವ ನಟಿ, ಯಾವ ಇಸವಿಗಳು ಅಂತ ಮುಂಚೆಯೇ ಪತ್ರ ಬರೆಯಿರಿ. ಪೋಸ್ಟರ್‌ಗಿಂತ ಹಾಡಿನ ಪುಸ್ತಕ ಜಾಸ್ತಿ ಉಪಯೋಗ. ಆ ಕಾಲದಲ್ಲಿ ಟಾಕೀಸಿನಲ್ಲಿ ಮಾರುತ್ತಿದ್ದ ಆ ತೆಳು ಪುಸ್ತಕದಲ್ಲಿ ಪಾತ್ರಧಾರಿಗಳು, ಕಥೆಯ ಸಾರ, ಹಾಡುಗಳು ಎಲ್ಲ ಇರುತ್ತವೆ. ಫೋಟೋ ತೆಗೆಯುವ ಮುಂಚೆ ಕೇಳಿ.

ಆಮೇಲೆ ಕನ್ನಡದ ಕಡೆ ತಿರುಗಿ. 1942ರಲ್ಲಿ ಗುಬ್ಬಿ ವೀರಣ್ಣನವರ ಜೊತೆ ಶಾಂತಾ 'ಜೀವನ ನಾಟಕ' ಅನ್ನೋ ಕನ್ನಡ ಸಿನಿಮಾದಲ್ಲಿ ನಟಿಸಿದರು. ಬರೀ ಮರಾಠಿ ಕಾಗದಪತ್ರ ನೋಡಿದರೆ ಇದು ತಪ್ಪಿಹೋಗಬಹುದು. ಹುಡುಕುವಾಗ ಹೆಸರನ್ನು ಹುಬ್ಳೀಕರ್, ಹುಬಳೀಕರ್, ಹುಬಳಿಕರ್ ಅಂತ ಎಲ್ಲ ಥರ ಹಾಕಿ, ದೇವನಾಗರಿಯಲ್ಲೂ ಹಾಕಿ.

ಇದು ಮುಗಿದರೆ ಬೀಳಗಿಯ ಅಮೀರ್‌ಬಾಯಿ ಕರ್ನಾಟಕಿ ಇದ್ದಾರೆ, ಹಾಡಿದ್ದು ಬೇರೆ, ನಟಿಸಿದ್ದು ಬೇರೆ ಪಟ್ಟಿ ಮಾಡಿ. ಚಿಕ್ಕೋಡಿ ಕಡೆಯ ಖಡಕಲಾಟದ ನಟಿ ಸುಲೋಚನಾ ಅವರದ್ದು ದೊಡ್ಡ ಕೆಲಸ, ಇಬ್ಬರು ಮೂವರು ಸೇರಿ ದಶಕಗಳನ್ನು ಹಂಚಿಕೊಂಡು ಕೂತರೆ ಆಗುತ್ತದೆ.