ಮಗಳ ಹೊರರಾಜ್ಯದ ಕಾಲೇಜು ಫೀಸನ್ನು ಅರ್ಧಕ್ಕಿಂತ ಕೆಳಗೆ ಇಳಿಸಿದ ನನ್ನ ಅನುಭವ

ನಮ್ಮೂರು ಶಿವಮೊಗ್ಗ. ಈಗ ಇರುವುದು ಅಮೆರಿಕದ ಒರೆಗಾನ್ ರಾಜ್ಯದ ಬೀವರ್ಟನ್‌ನಲ್ಲಿ. ನಮ್ಮ ಮಕ್ಕಳಿಬ್ಬರೂ ಬೇರೆ ರಾಜ್ಯದ ಸರ್ಕಾರಿ ಯೂನಿವರ್ಸಿಟಿಗೆ ಸೇರಿದರು. 2019ರಲ್ಲಿ ಮಗನ ಮೊದಲ ವರ್ಷಕ್ಕೆ ಟ್ಯೂಷನ್, ಅಂದರೆ ಕಾಲೇಜಿನ ಓದಿನ ಫೀಸು, ಒಂದಕ್ಕೇ 34,000 ಡಾಲರ್ ಕಟ್ಟಿದೆವು. 2023ರಲ್ಲಿ ಮಗಳಿಗೆ ಕಟ್ಟಿದ್ದು 12,000. ಓದಿನಲ್ಲಿ ಇಬ್ಬರೂ ಹೆಚ್ಚುಕಮ್ಮಿ ಒಂದೇ. ಮಗನ ಸಲ ನಾವು ದುಡ್ಡಿನ ಪ್ರಶ್ನೆಯನ್ನು ಏಪ್ರಿಲ್‌ನಲ್ಲಿ ಕೇಳಿದೆವು. ಮಗಳ ಸಲ ಹಿಂದಿನ ಸೆಪ್ಟೆಂಬರ್‌ನಲ್ಲೇ ಕೇಳಿದೆವು.

ಇಲ್ಲಿಗೆ ಹೊಸದಾಗಿ ಬಂದವರಿಗೆ ಒಂದು ಮಾತು ಮೊದಲೇ ಹೇಳಬೇಕು. ಸರ್ಕಾರಿ ಯೂನಿವರ್ಸಿಟಿಗಳಲ್ಲಿ ಎರಡು ದರ ಇರುತ್ತದೆ. ಆ ರಾಜ್ಯದಲ್ಲೇ ನೆಲೆಸಿದವರ ಮಕ್ಕಳಿಗೆ ಒಂದು, ಹೊರಗಿನವರಿಗೆ ಒಂದು. ಹೊರಗಿನವರ ದರ ಎಷ್ಟೋ ಕಡೆ ಎರಡು ಪಟ್ಟು, ಮೂರು ಪಟ್ಟು. ಮಗನ ಸಲ ನಮಗೆ ಇಷ್ಟು ಮಾತ್ರ ಗೊತ್ತಿತ್ತು. ವೆಬ್‌ಸೈಟಿನಲ್ಲಿ ಹಾಕಿರುವ ದರವೇ ಕೊನೆಯ ಮಾತು ಅಂದುಕೊಂಡಿದ್ದೆವು.

ಅವನು ಕಂಪ್ಯೂಟರ್ ಸೈನ್ಸ್‌ಗೆ ಹೋದ. ಸೀಟು ಸಿಕ್ಕಿತು, ಕ್ಯಾಂಪಸ್ ನೋಡಿ ಬಂದೆವು, ಅವನು ಆ ಯೂನಿವರ್ಸಿಟಿಯ ಹೆಸರಿದ್ದ ಟೀ ಶರ್ಟನ್ನೂ ತಗೊಂಡ. ಅದಾದ ಮೇಲೆ ಬಿಲ್ಲಿನ ಅಂದಾಜು ಬಂತು. ಏಪ್ರಿಲ್ ಕೊನೆಯ ವಾರ ಯೂನಿವರ್ಸಿಟಿಗೆ ಫೋನ್ ಮಾಡಿ, ಪಕ್ಕದ ರಾಜ್ಯದವರಿಗೆ ಏನಾದರೂ ರಿಯಾಯಿತಿ ಇದೆಯಾ ಅಂತ ಕೇಳಿದೆ. ಫೋನ್ ತೆಗೆದ ಹೆಂಗಸು ತುಂಬಾ ಮರ್ಯಾದೆಯಿಂದಲೇ ಹೇಳಿದರು: ರಿಯಾಯಿತಿ ಇದೆ, ಆದರೆ ಅದಕ್ಕೆ ಅರ್ಜಿ ಹಾಕುವ ದಿನ ಡಿಸೆಂಬರ್‌ಗೇ ಮುಗಿದಿದೆ, ಜೊತೆಗೆ ಕಂಪ್ಯೂಟರ್ ಸೈನ್ಸ್ ರಿಯಾಯಿತಿ ಕೊಡುವ ಕೋರ್ಸುಗಳ ಪಟ್ಟಿಯಲ್ಲೇ ಇಲ್ಲ. ಮೇ 1ರೊಳಗೆ ಒಪ್ಪಿಗೆ ಕೊಡಬೇಕಿತ್ತು. ಮಗನ ಮುಖ ನೋಡಿ ಬೇಡ ಅನ್ನೋಕೆ ನನಗಾಗಲಿ ನಮ್ಮ ಯಜಮಾನರಿಗಾಗಲಿ ಬಾಯಿ ಬರಲಿಲ್ಲ. ದುಡ್ಡು ಕಟ್ಟಿದೆವು.

2020ರ ಮಾರ್ಚ್‌ನಲ್ಲಿ ಕೊರೊನಾ ಬಂತು. ಅವನು ಮನೆಗೆ ಬಂದ. ತನ್ನ ಹಳೇ ಮಂಚದ ಮೇಲೆ ಲ್ಯಾಪ್‌ಟಾಪ್ ಇಟ್ಟುಕೊಂಡು ಆ 34,000 ಡಾಲರಿನ ಕ್ಲಾಸುಗಳನ್ನು ಮುಗಿಸಿದ. ಆ ಬೇಸಿಗೆಯಲ್ಲೇ ಕೂತು ಮಾತಾಡಿ, ವಾಪಸ್ ಒರೆಗಾನ್‌ನ ಯೂನಿವರ್ಸಿಟಿಗೇ ಟ್ರಾನ್ಸ್‌ಫರ್ ತಗೊಂಡ. ಎರಡು ಕೋರ್ಸಿನ ಕ್ರೆಡಿಟ್ ಅವನ ಡಿಗ್ರಿಗೆ ಲೆಕ್ಕಕ್ಕೆ ಬರಲಿಲ್ಲ. ಅದರಲ್ಲಿ ಒಂದನ್ನು ಪೋರ್ಟ್‌ಲ್ಯಾಂಡ್ ಕಮ್ಯುನಿಟಿ ಕಾಲೇಜಿನಲ್ಲಿ ಬೇಸಿಗೆ ರಜದಲ್ಲಿ ಮತ್ತೆ ಮಾಡಿದ. ಅವನ ಕತೆ ಅಷ್ಟಕ್ಕೆ ಸರಿಹೋಯಿತು.

ಮಗಳದ್ದು ಬೇರೆ ಹಾದಿ. ನಮ್ಮ ಕಡೆ ಮೋಡ ಇಲ್ಲದ ದಿನ ದೂರದಲ್ಲಿ ಮೌಂಟ್ ಸೇಂಟ್ ಹೆಲೆನ್ಸ್ ಬೆಟ್ಟ ಕಾಣುತ್ತದೆ. 1980ರ ಮೇ 18ರಂದು ಸಿಡಿದ ಜ್ವಾಲಾಮುಖಿ ಅದು. ಎಂಟನೇ ಕ್ಲಾಸಿನಲ್ಲಿ ಸ್ಕೂಲಿನವರು ಅಲ್ಲಿಗೆ ಕರೆದುಕೊಂಡು ಹೋಗಿದ್ದರು. ಬಂದವಳು ನೋಟ್‌ಬುಕ್ ತುಂಬ ಕಲ್ಲು, ಬೂದಿ ಪದರಗಳ ಚಿತ್ರ ಬಿಡಿಸಿದ್ದಳು. ಆಗಿನಿಂದ ಜಿಯಾಲಜಿ ಬಿಟ್ಟು ಬೇರೆ ಮಾತಿಲ್ಲ. ನಮ್ಮ ಬಳಗದಲ್ಲಿ "ಕಲ್ಲು ಓದಿ ಏನು ಮಾಡ್ತಾಳೆ?" ಅಂದವರಿದ್ದರು. ಆದರೆ ಅದೇ ಆಯ್ಕೆ ಮುಂದೆ ನಮ್ಮ ಕೈ ಹಿಡಿಯಿತು.

ನನಗೆ ಫೋನಿನಲ್ಲಿ ಹೇಳಿದ ಆ ರಿಯಾಯಿತಿಯ ಹೆಸರು ವೆಸ್ಟರ್ನ್ ಅಂಡರ್‌ಗ್ರ್ಯಾಜುಯೇಟ್ ಎಕ್ಸ್‌ಚೇಂಜ್. ಇಲ್ಲಿ ಎಲ್ಲರೂ ವೂಯಿ ಅಂತಾರೆ. 1988ರಿಂದ ಇದೆ. ಕ್ಯಾಲಿಫೋರ್ನಿಯಾ, ಒರೆಗಾನ್, ವಾಷಿಂಗ್ಟನ್, ನೆವಾಡಾ, ಅರಿಜೋನಾ, ಯೂಟಾ, ಕೊಲರಾಡೊ, ಮೊಂಟಾನಾ ಸೇರಿ ಪಶ್ಚಿಮದ 15 ರಾಜ್ಯಗಳು ಇದರಲ್ಲಿವೆ. ಸೇರಿಕೊಂಡ ಕಾಲೇಜುಗಳು 150ಕ್ಕೂ ಜಾಸ್ತಿ. ಈ ರಾಜ್ಯಗಳ ಮಕ್ಕಳು ಒಬ್ಬರ ರಾಜ್ಯಕ್ಕೆ ಇನ್ನೊಬ್ಬರು ಓದಲು ಹೋದರೆ, ಅಲ್ಲಿನವರ ದರದ ಒಂದೂವರೆ ಪಟ್ಟಿಗಿಂತ ಜಾಸ್ತಿ ತಗೊಳ್ಳುವ ಹಾಗಿಲ್ಲ. ಮಗಳು ಸೇರಿದ ಕಡೆ ಅಲ್ಲಿನವರಿಗೆ ಸುಮಾರು 9,000, ಹೊರಗಿನವರಿಗೆ 27,000. ವೂಯಿ ದರ 13,500.

ಕೇಳೋಕೆ ಸುಲಭ. ಆದರೆ ಪ್ರತಿ ಯೂನಿವರ್ಸಿಟಿಯೂ ತನ್ನದೇ ನಿಯಮ ಇಟ್ಟುಕೊಂಡಿದೆ. ಕೆಲವು ಕಡೆ ಅಡ್ಮಿಷನ್ ಅರ್ಜಿ ಹಾಕಿದರೆ ಸಾಕು, ತಾನಾಗೇ ಕೊಡುತ್ತಾರೆ. ಕೆಲವು ಕಡೆ ಬೇರೆ ಅರ್ಜಿ ಬೇಕು. ಕೆಲವರು ಸೀಟು ಇಷ್ಟೇ ಅಂತ ಮಿತಿ ಇಟ್ಟಿರುತ್ತಾರೆ, ಮೊದಲು ಬಂದವರಿಗೆ ಸಿಗುತ್ತದೆ. ನರ್ಸಿಂಗ್, ಕಂಪ್ಯೂಟರ್ ಸೈನ್ಸ್‌ನಂಥ ನೂಕುನುಗ್ಗಲಿನ ಮೇಜರ್‌ಗಳನ್ನು (ಡಿಗ್ರಿಯ ಮುಖ್ಯ ವಿಷಯಗಳನ್ನು) ಎಷ್ಟೋ ಕಡೆ ಹೊರಗಿಟ್ಟಿದ್ದಾರೆ. ನಾವು ನೋಡಿದ ಏಳು ಕಡೆಯೂ ಜಿಯಾಲಜಿ ಒಳಗಿತ್ತು.

ಮಗಳು ಹನ್ನೆರಡನೇ ಕ್ಲಾಸಿಗೆ ಬಂದ ಸೆಪ್ಟೆಂಬರ್‌ನಲ್ಲಿ ಒಂದು ಭಾನುವಾರ ಊಟದ ಮೇಜಿನ ಮೇಲೆ ಕೂತು ಒಂದು ಶೀಟ್ ಮಾಡಿದೆವು. ಏಳು ಯೂನಿವರ್ಸಿಟಿ, ಏಳು ಸಾಲು. ಹೊರಗಿನವರ ದರ, ವೂಯಿ ದರ, ಮೆರಿಟ್ ಸ್ಕಾಲರ್‌ಶಿಪ್, ಹಾಸ್ಟೆಲ್ ಮತ್ತು ಊಟ, ವರ್ಷಕ್ಕೆ ಮೂರು ಸಲ ಮನೆಗೆ ಬಂದುಹೋಗುವ ಖರ್ಚು, ಕೊನೆಗೆ ಅರ್ಜಿಯ ಕಡೇ ದಿನ. ಆ ಕಡೇ ದಿನದ ಕಾಲಂಗೆ ಮಗಳು ಕೆಂಪು ಬಣ್ಣ ಹಾಕಿದಳು. ಅಡ್ಮಿಷನ್‌ಗೆ ಒಂದು ದಿನ, ರಿಯಾಯಿತಿಗೆ ಇನ್ನೊಂದು ದಿನ ಅನ್ನುವುದು ನಾಲ್ಕು ಕಡೆ ಇತ್ತು. ಮಗನ ಸಲ ನಾವು ಎಡವಿದ್ದು ಅಲ್ಲೇ.

ಪ್ರತಿ ಕಾಲೇಜಿನ ವೆಬ್‌ಸೈಟಿನಲ್ಲೂ ನೆಟ್ ಪ್ರೈಸ್ ಕ್ಯಾಲ್ಕ್ಯುಲೇಟರ್ ಅಂತ ಇರುತ್ತದೆ. ಇಡಲೇಬೇಕು ಅಂತ 2011ರಿಂದ ಕೇಂದ್ರದ ಕಾನೂನೇ ಇದೆ. ಆದಾಯ, ಮಾರ್ಕ್ಸ್ ಹಾಕಿದರೆ ನಿಮ್ಮ ಮನೆಗೆ ಸುಮಾರು ಎಷ್ಟು ಬೀಳುತ್ತದೆ ಅಂತ ತೋರಿಸುತ್ತದೆ. ಆದರೆ ಕೆಲವು ಕ್ಯಾಲ್ಕ್ಯುಲೇಟರ್‌ಗಳು ವೂಯಿಯನ್ನು ಲೆಕ್ಕಕ್ಕೇ ತಗೊಳ್ಳಲಿಲ್ಲ. ಅದಕ್ಕೇ ನಾನು ಏಳೂ ಕಡೆ ಫೋನ್ ಮಾಡಿದೆ. ಕೇಳಿದ್ದು ನಾಲ್ಕೇ ಪ್ರಶ್ನೆ. ಈ ಮೇಜರ್‌ಗೆ ವೂಯಿ ಸಿಗುತ್ತದಾ? ಬೇರೆ ಅರ್ಜಿ ಬೇಕಾ? ಮೆರಿಟ್ ಸ್ಕಾಲರ್‌ಶಿಪ್ ಜೊತೆಗೆ ಸೇರಿಸಿ ಕೊಡುತ್ತೀರಾ? ಎರಡನೇ ವರ್ಷ ಉಳಿಸಿಕೊಳ್ಳಲು ಜಿಪಿಎ, ಅಂದರೆ ಮಾರ್ಕ್ಸಿನ ಸರಾಸರಿ, ಎಷ್ಟಿರಬೇಕು?

ಮೂರನೇ ಪ್ರಶ್ನೆಯ ಉತ್ತರ ನನಗೆ ಹೊಸದು. ಬಹಳ ಕಡೆ ಎರಡನ್ನೂ ಒಟ್ಟಿಗೆ ಕೊಡುವುದಿಲ್ಲ. ಒಂದು ಕಡೆ ಮಗಳಿಗೆ ವರ್ಷಕ್ಕೆ 15,000 ಮೆರಿಟ್ ಕೊಟ್ಟರು. ಅಷ್ಟು ದೊಡ್ಡ ಮೊತ್ತ ನೋಡಿ ಮನೆಯಲ್ಲಿ ಸಿಹಿ ಮಾಡಿದೆ. ಸಂಜೆ ಇವರು ಶೀಟ್ ತೆಗೆದು ಕೂಡಿ ಕಳೆದು ನೋಡಿದರು. ಅಲ್ಲಿನ ಪೂರ್ತಿ ದರ 38,000. 15,000 ಕಳೆದರೂ 23,000 ಉಳಿಯುತ್ತದೆ. ಸ್ಕಾಲರ್‌ಶಿಪ್ಪೇ ಕೊಡದ ಇನ್ನೊಂದು ಕಡೆಯ ವೂಯಿ ದರ 13,500. ಪತ್ರದಲ್ಲಿ ಬರೆದ ಸ್ಕಾಲರ್‌ಶಿಪ್ ಮೊತ್ತ ನೋಡಬೇಡಿ, ನಾವು ಕಟ್ಟುವ ಮೊತ್ತ ನೋಡಿ. ಇದನ್ನು ಈಗ ಕೇಳಿದವರಿಗೆಲ್ಲ ಹೇಳುತ್ತೇನೆ.

ಉಳಿದ 1,500 ಇಳಿದದ್ದು ಮಗಳು ಬರೆದ ಒಂದು ಇಮೇಲ್‌ನಿಂದ. ಏಪ್ರಿಲ್ ಮೊದಲ ವಾರ. ನಾನೇ ಬರೆದುಕೊಡುತ್ತೇನೆ ಅಂದೆ. "ಬೇಡ ಅಮ್ಮಾ, ನಾನೇ ಬರೀತೀನಿ. ಓದೋಳು ನಾನಲ್ವಾ?" ಅಂದಳು. ಆರೇ ಸಾಲು ಬರೆದಳು. ನಿಮ್ಮಲ್ಲಿಗೇ ಬರಬೇಕು ಅಂತ ಆಸೆ, ಬೇಸಿಗೆಯ ಫೀಲ್ಡ್ ಕ್ಯಾಂಪ್ (ಹೊರಗೆ ಹೋಗಿ ಕಲ್ಲು, ನೆಲ ನೋಡಿ ಕಲಿಯುವ ಶಿಬಿರ) ಇರುವುದರಿಂದ ಖರ್ಚು ಜಾಸ್ತಿ ಆಗುತ್ತದೆ, ಇನ್ನೊಂದು ಯೂನಿವರ್ಸಿಟಿಯ ಪತ್ರ ಜೊತೆಗಿಟ್ಟಿದ್ದೇನೆ, ವಿಭಾಗದಿಂದ ಏನಾದರೂ ಸಹಾಯ ಸಿಗಬಹುದಾ. ಅಡ್ಮಿಷನ್ ಆಫೀಸಿಗೆ ಒಂದು, ಜಿಯಾಲಜಿ ವಿಭಾಗಕ್ಕೆ ಒಂದು. ಅಡ್ಮಿಷನ್ ಆಫೀಸಿನವರು ಆಗುವುದಿಲ್ಲ ಅಂದರು. ಒಂಬತ್ತು ದಿನ ಬಿಟ್ಟು ವಿಭಾಗದಿಂದ ಉತ್ತರ ಬಂತು. ಹಳೇ ವಿದ್ಯಾರ್ಥಿಗಳು ಕೊಟ್ಟ ನಿಧಿಯಿಂದ ವರ್ಷಕ್ಕೆ 1,500, ವೂಯಿ ಜೊತೆಗೇ. ಹೀಗೆ 12,000ಕ್ಕೆ ಇಳಿಯಿತು. ಚಿಕ್ಕ ವಿಭಾಗಗಳಲ್ಲಿ ಇಂಥ ನಿಧಿ ಇರುತ್ತದೆ, ಕೇಳುವವರು ಕಮ್ಮಿ. ನಮ್ಮವರಿಗೆ ದುಡ್ಡಿನ ವಿಷಯ ಕೇಳಲು ಸಂಕೋಚ. ನನಗೂ ಇತ್ತು. ಆದರೆ ಅವರಿಗೆ ಅದು ದಿನಾ ಬರುವ ಇಮೇಲ್, ಯಾರೂ ಕೀಳಾಗಿ ನೋಡುವುದಿಲ್ಲ.

ಹೈಸ್ಕೂಲಿನಲ್ಲೇ ಬರೆಯುವ ಕಾಲೇಜು ಮಟ್ಟದ ಎಪಿ ಪರೀಕ್ಷೆಗಳೂ ಕೈ ಹಿಡಿದವು. ಒಂದೊಂದಕ್ಕೆ ಸುಮಾರು 100 ಡಾಲರ್ ಫೀಸು. ಐದಕ್ಕೆ ಮೂರೋ ನಾಲ್ಕೋ ಬಂದರೆ ಎಷ್ಟೋ ಸರ್ಕಾರಿ ಯೂನಿವರ್ಸಿಟಿಗಳು ಕಾಲೇಜಿನ ಕ್ರೆಡಿಟ್ ಕೊಡುತ್ತವೆ. ಮಗಳಿಗೆ ನಾಲ್ಕು ವಿಷಯದಲ್ಲಿ ಸಿಕ್ಕಿತು. ಒಂದು ಸೆಮಿಸ್ಟರ್ ಮೊದಲೇ ಮುಗಿಸುವಷ್ಟು ಜಾಗ ಆಯಿತು.

ಫಾಫ್ಸಾ, ಅಂದರೆ ವಿದ್ಯಾರ್ಥಿಗಳಿಗೆ ಕೇಂದ್ರ ಸರ್ಕಾರ ಕೊಡುವ ನೆರವಿನ ಅರ್ಜಿಯನ್ನೂ ಹಾಕಿದೆವು. ನಮ್ಮ ಆದಾಯಕ್ಕೆ ಸಹಾಯಧನ ಬರುವುದಿಲ್ಲ ಅಂತ ಗೊತ್ತಿತ್ತು. ಆದರೂ ಕೆಲವು ಸ್ಕಾಲರ್‌ಶಿಪ್‌ಗೆ ಅದು ಬೇಕು, ಮೊದಲ ವರ್ಷ ಮಗಳ ಹೆಸರಿನಲ್ಲೇ 5,500 ಡಾಲರ್‌ವರೆಗೆ ಕೇಂದ್ರದ ಸಾಲ ಸಿಗುವುದೂ ಅದರಿಂದಲೇ. ಇನ್ನು ಒರೆಗಾನ್‌ನಲ್ಲಿ ಕಟ್ಟಿದ 529 ಅನ್ನುವ ಕಾಲೇಜು ಉಳಿತಾಯ ಯೋಜನೆಯ ದುಡ್ಡು ಒರೆಗಾನ್ ಕಾಲೇಜಿಗೇ ಬಳಸಬೇಕು ಅಂತ ಬಹಳ ವರ್ಷ ತಪ್ಪು ತಿಳಿದಿದ್ದೆ. ಮಾನ್ಯತೆ ಇರುವ ಯಾವ ರಾಜ್ಯದ ಕಾಲೇಜಿಗೂ ಬಳಸಬಹುದು.

ಎಚ್-4 ವೀಸಾದಲ್ಲಿರುವ (ಕೆಲಸದ ವೀಸಾದಲ್ಲಿ ಬಂದವರ ಮನೆಯವರಿಗೆ ಕೊಡುವ ವೀಸಾ) ಮಕ್ಕಳ ಅಪ್ಪ ಅಮ್ಮಂದಿರು ನನಗೆ ಆಗಾಗ ಫೋನ್ ಮಾಡುತ್ತಾರೆ. ನಮಗೆ ಗ್ರೀನ್ ಕಾರ್ಡ್ ಬಂದಿತ್ತು, ಅವರದು ಕಷ್ಟ ಜಾಸ್ತಿ. ಎಚ್-4 ಮಕ್ಕಳಿಗೆ ಫಾಫ್ಸಾ ಇಲ್ಲ. ಆದರೆ ವೂಯಿಯಂಥದ್ದು ನಿಂತಿರುವುದು ಯಾವ ರಾಜ್ಯದಲ್ಲಿ ನೆಲೆಸಿದ್ದೀರಿ ಅನ್ನುವುದರ ಮೇಲೆ. ಕೆಲವು ಯೂನಿವರ್ಸಿಟಿಗಳು ಒಪ್ಪುತ್ತವೆ, ಕೆಲವು ಇಲ್ಲ. ಬರಹದಲ್ಲಿ ಕೇಳಿ, ಬರಹದಲ್ಲೇ ಉತ್ತರ ತಗೊಳ್ಳಿ. 21 ತುಂಬಿದ ಮೇಲೆ ಎಫ್-1 ವಿದ್ಯಾರ್ಥಿ ವೀಸಾಗೆ ಬದಲಾದರೆ ರಿಯಾಯಿತಿ ಉಳಿಯುತ್ತದಾ ಅಂತಲೂ ಅದೇ ಇಮೇಲ್‌ನಲ್ಲಿ ಕೇಳಿಬಿಡಿ. ಮೂರನೇ ವರ್ಷ ನಡುನೀರಿನಲ್ಲಿ ನಿಲ್ಲುವುದು ಬೇಡ.

ಇನ್ನೊಂದು ಸಲಹೆಯನ್ನು ತುಂಬಾ ಜನ ಕೊಡುತ್ತಾರೆ. ಆ ರಾಜ್ಯದಲ್ಲಿರುವ ಗೆಳೆಯರ ಮನೆ ವಿಳಾಸ ಕೊಟ್ಟುಬಿಡಿ ಅಂತ. ದಯವಿಟ್ಟು ಮಾಡಬೇಡಿ. ಅದು ಸುಳ್ಳು ದಾಖಲೆ. ಅವರು ಟ್ಯಾಕ್ಸ್ ರಿಟರ್ನ್, ಡ್ರೈವಿಂಗ್ ಲೈಸೆನ್ಸ್, ಬಾಡಿಗೆ ಪತ್ರ ಎಲ್ಲ ಕೇಳುತ್ತಾರೆ. ಸಾಮಾನ್ಯವಾಗಿ ಅಪ್ಪ ಅಮ್ಮ ಹನ್ನೆರಡು ತಿಂಗಳಾದರೂ ಅಲ್ಲಿ ನೆಲೆಸಿರಬೇಕು. ಓದೋಕೆ ಅಂತ ಬಂದು ರೂಮು ಮಾಡಿದರೆ ಲೆಕ್ಕಕ್ಕಿಲ್ಲ. ಸಿಕ್ಕಿಬಿದ್ದರೆ ಹಿಂದಿನ ವರ್ಷಗಳ ಫೀಸೂ ಸೇರಿ ಮಗುವಿನ ತಲೆ ಮೇಲೆ ಬರುತ್ತದೆ.

ಪಶ್ಚಿಮದಲ್ಲಿ ಇಲ್ಲದವರು ಏನು ಮಾಡಬೇಕು? ಮಿಡ್‌ವೆಸ್ಟ್ ರಾಜ್ಯಗಳ ನಡುವೆ ಇಂಥದೇ ಮಿಡ್‌ವೆಸ್ಟ್ ಸ್ಟೂಡೆಂಟ್ ಎಕ್ಸ್‌ಚೇಂಜ್ ಇದೆ. ನ್ಯೂ ಇಂಗ್ಲೆಂಡ್‌ನ ಆರು ರಾಜ್ಯಗಳದ್ದು ಬೇರೆ ಇದೆ. ದಕ್ಷಿಣದ ಅಕಾಡೆಮಿಕ್ ಕಾಮನ್ ಮಾರ್ಕೆಟ್‌ನಲ್ಲಿ, ನಿಮ್ಮ ರಾಜ್ಯದಲ್ಲಿ ಇಲ್ಲದ ಕೋರ್ಸಿಗೆ ಪಕ್ಕದ ರಾಜ್ಯಕ್ಕೆ ಹೋದರೆ ಅಲ್ಲಿನವರ ದರವೇ. ನ್ಯೂಜೆರ್ಸಿ, ನ್ಯೂಯಾರ್ಕ್ ಈ ನಾಲ್ಕರಲ್ಲಿ ಯಾವುದರಲ್ಲೂ ಇಲ್ಲ. ನನ್ನ ತಂಗಿ ಇರುವುದು ನ್ಯೂಜೆರ್ಸಿಯಲ್ಲಿ. ಅವಳಿಗೆ ನಾನು ಎರಡು ಕಡೆ ನೋಡಲು ಹೇಳಿದೆ. ಒಂದು ಟೆಕ್ಸಸ್. ಅಲ್ಲಿನ ಸರ್ಕಾರಿ ಯೂನಿವರ್ಸಿಟಿ ಸ್ಪರ್ಧೆಯ ಮೇಲೆ ಕೊಡುವ ಸ್ಕಾಲರ್‌ಶಿಪ್ 1,000 ಡಾಲರ್ ಸಿಕ್ಕರೂ ಸಾಕು, ಹೊರಗಿನವರ ದರದ ಬದಲು ಅಲ್ಲಿನವರ ದರ ಹಾಕಲು ರಾಜ್ಯದ ಕಾನೂನಿನಲ್ಲೇ ಅವಕಾಶ ಇದೆ. ಇನ್ನೊಂದು ಅಲಬಾಮಾ ಯೂನಿವರ್ಸಿಟಿ. ಜಿಪಿಎ ಇಷ್ಟು, ಎಸ್‌ಎಟಿ ಪ್ರವೇಶ ಪರೀಕ್ಷೆಯ ಮಾರ್ಕ್ಸ್ ಇಷ್ಟು ಇದ್ದರೆ ಹೊರರಾಜ್ಯದವರಿಗೂ ಇಷ್ಟು ಸ್ಕಾಲರ್‌ಶಿಪ್ ಅಂತ ಅವರು ಪಟ್ಟಿಯನ್ನೇ ಹಾಕಿರುತ್ತಾರೆ.

ಸೇರಿದ ಮೇಲೂ ಕೆಲಸ ಮುಗಿಯುವುದಿಲ್ಲ. ಮೊದಲ ಬಿಲ್ಲಿನಲ್ಲಿ ಹೆಲ್ತ್ ಇನ್ಶುರೆನ್ಸ್ ತಾನಾಗೇ ಸೇರಿತ್ತು. ನಮ್ಮ ವಿಮೆ ಅಲ್ಲೂ ನಡೆಯುತ್ತದೆ ಅಂತ ತೋರಿಸಿ ತೆಗೆಸಿದೆವು. ಮಗಳ ವೂಯಿ ಉಳಿಯಬೇಕಾದರೆ ಜಿಪಿಎ 3.0 ಇರಬೇಕು, ಮೇಜರ್ ಬದಲಾಯಿಸಿದರೆ ಮತ್ತೆ ಕೇಳಬೇಕು. ಎರಡನೇ ವರ್ಷದಿಂದ ಹಾಸ್ಟೆಲಿನಲ್ಲಿ ಆರ್‌ಎ ಆಗಿದ್ದಾಳೆ, ಅಂದರೆ ಒಂದು ಮಹಡಿಯ ಹುಡುಗಿಯರನ್ನು ನೋಡಿಕೊಳ್ಳುವ ಕೆಲಸ. ರಾತ್ರಿ ಎರಡು ಗಂಟೆಗೆ ಯಾರೋ ಬಾಗಿಲು ತಟ್ಟುತ್ತಾರೆ, ಎದ್ದು ಹೋಗಬೇಕು. ಅದಕ್ಕೆ ರೂಮು ಮತ್ತು ಊಟ ಬಿಟ್ಟಿ. ಟ್ಯೂಷನ್‌ನಲ್ಲಿ ಉಳಿಸಿದ್ದಕ್ಕೆ ಸಮನಾದ ಮೊತ್ತ ಇಲ್ಲೂ ಉಳಿಯುತ್ತಿದೆ.

ಈಗ ಅವಳಿಗೆ ಮೂರನೇ ವರ್ಷ. ಮುಂದಿನ ಬೇಸಿಗೆಗೆ ಆರು ವಾರದ ಫೀಲ್ಡ್ ಕ್ಯಾಂಪ್. ಅದರ ಫೀಸು ಬೇರೆ, ವೂಯಿ ಅದಕ್ಕೆ ಬರುವುದಿಲ್ಲ. ಹೋದ ಭಾನುವಾರ ಫೋನ್ ಮಾಡಿದಾಗ ಶೀಟ್ ತೆಗೆದಿದ್ದಳು. ನಾಲ್ಕು ಸ್ಕಾಲರ್‌ಶಿಪ್ ಹುಡುಕಿ ಇಟ್ಟಿದ್ದಾಳೆ. ಕಡೇ ದಿನದ ಕಾಲಂಗೆ ಈಗಲೂ ಕೆಂಪು ಬಣ್ಣವೇ.