ಮೊಬೈಲಿನಲ್ಲಿ ಹಿಡಿದ ವಿಡಿಯೊ ಸಾಕ್ಷಿಯಾಗಿ ನಿಲ್ಲಬೇಕಾದರೆ

ಆರೋಗ್ಯ ಕೇಂದ್ರದ ಬಾಗಿಲಿಗೆ ಬೀಗ ಬಿದ್ದಿದೆ. ಹೊರಗೆ ಜನ ಕಾಯುತ್ತಿದ್ದಾರೆ. ನಿಮ್ಮ ಕೈಯಲ್ಲಿ ಮೊಬೈಲ್ ಇದೆ. ಈಗ ಏನು ಮಾಡಬೇಕು? ಈ ಒಂದು ಬೀಗವನ್ನೇ ಇಟ್ಟುಕೊಂಡು ಹೇಳುತ್ತೇನೆ. ಕುಸಿದ ಸೇತುವೆ, ಸೋರುವ ಶಾಲೆ, ನೀರು ಬಾರದ ನಲ್ಲಿ, ಎಲ್ಲಕ್ಕೂ ಕ್ರಮ ಹೆಚ್ಚುಕಡಿಮೆ ಇದೇ.

ಜನ ಕಳಿಸುವ ಇಂಥ ವಿಡಿಯೊಗಳನ್ನು ನೋಡಿ, ಪರಿಶೀಲಿಸಿ, ಸುದ್ದಿಗೆ ಆಗುತ್ತದೋ ಇಲ್ಲವೋ ಎಂದು ಹೇಳುವುದು ನನ್ನ ಕೆಲಸ. ಬರುವುದರಲ್ಲಿ ಜಾಸ್ತಿ ಪಾಲು ನಿಜವೇ. ಆದರೆ ನಿಜ ಎಂದು ತೋರಿಸಿಕೊಡಲು ಆಗುವುದಿಲ್ಲ. ಯಾವ ಊರು ಗೊತ್ತಾಗುವುದಿಲ್ಲ, ಯಾವ ದಿನ ಗೊತ್ತಾಗುವುದಿಲ್ಲ, ಚಿತ್ರ ಅಲ್ಲಾಡುತ್ತದೆ, ಹಿಂದೆ ಯಾರೋ ಬೈಯುತ್ತಿರುತ್ತಾರೆ. ಅಧಿಕಾರಿಗೆ ತೋರಿಸಿದರೆ "ಇದು ನಮ್ಮ ಕಡೆಯದಲ್ಲ, ಹಳೇ ವಿಡಿಯೊ" ಎಂದು ಒಂದೇ ಮಾತಲ್ಲಿ ಜಾರಿಕೊಳ್ಳುತ್ತಾರೆ. ಅಷ್ಟು ಜನರ ಕಷ್ಟ ಅಲ್ಲಿಗೆ ಮುಗಿಯಿತು. ನನಗೆ ತುಂಬಾ ಸಂಕಟವಾಗುವುದು ಇದೇ. ಹಾಗೆ ಜಾರಿಕೊಳ್ಳುವ ದಾರಿ ಮುಚ್ಚುವುದು ಕಷ್ಟದ ಕೆಲಸವೇನೂ ಅಲ್ಲ.

ಮೊದಲು ಸುತ್ತಮುತ್ತ, ಆಮೇಲೆ ಬೀಗ

ಫೋನನ್ನು ಅಡ್ಡ ಹಿಡಿಯಿರಿ. ರೆಕಾರ್ಡಿಂಗ್ ಶುರುವಾದ ಕೂಡಲೇ ತಾರೀಖು, ಗಂಟೆ, ಜಾಗದ ಹೆಸರು ಬಾಯಲ್ಲಿ ಹೇಳಿ. ಆಮೇಲೆ ಸುಮ್ಮನಿರಿ. ಅಲ್ಲಿನ ಶಬ್ದಗಳೇ ಕೇಳಲಿ.

ಮೊದಲು ದೂರದಿಂದ ಹಿಡಿಯಿರಿ. ಕಟ್ಟಡದ ಜೊತೆಗೆ ಹಿಂದಿನ ಗುಡ್ಡ, ಪಕ್ಕದ ನೀರಿನ ಟ್ಯಾಂಕ್, ಮೊಬೈಲ್ ಟವರ್, ರಸ್ತೆಯ ತಿರುವು ಎಲ್ಲ ಬರಬೇಕು. ಕೈ ಅಲ್ಲಾಡಿಸದೆ ಹತ್ತು ಸೆಕೆಂಡ್ ನಿಲ್ಲಿ. ನಂತರ ನಿಧಾನವಾಗಿ ನಡೆಯುತ್ತಾ ಬೋರ್ಡಿನ ಹತ್ತಿರ ಹೋಗಿ. ಕೇಂದ್ರದ ಹೆಸರು, ತೆರೆಯುವ ಸಮಯ ಓದುವ ಹಾಗಿರಬೇಕು. ಅಲ್ಲಿಂದ ರೆಕಾರ್ಡಿಂಗ್ ನಿಲ್ಲಿಸದೆ ಬೀಗದ ತನಕ ಬನ್ನಿ. ಈ ನಡಿಗೆ ಮುಖ್ಯ. ಬೋರ್ಡ್ ಒಂದು ತುಣುಕಿನಲ್ಲಿ, ಬೀಗ ಇನ್ನೊಂದು ತುಣುಕಿನಲ್ಲಿ ಇದ್ದರೆ ಎರಡೂ ಒಂದೇ ಬಾಗಿಲಿನದ್ದು ಎಂದು ಯಾರು ಒಪ್ಪುತ್ತಾರೆ? ಕಡೆಗೆ ಕಾಯುತ್ತಿರುವ ಜನರನ್ನು ಹಿಂದಿನಿಂದ, ಮುಖ ಕಾಣದ ಹಾಗೆ ಹಿಡಿಯಿರಿ.

ಗುಡ್ಡ ಯಾಕೆ ಬೇಕು ಎಂದು ಕೇಳಬಹುದು. 2018ರ ಜುಲೈನಲ್ಲಿ ಕ್ಯಾಮರೂನ್ ದೇಶದ ಒಂದು ವಿಡಿಯೊ ಹೊರಬಿತ್ತು. ಸೈನಿಕರು ಇಬ್ಬರು ಹೆಂಗಸರನ್ನೂ ಇಬ್ಬರು ಮಕ್ಕಳನ್ನೂ ಕರೆದೊಯ್ದು ಗುಂಡಿಕ್ಕಿ ಕೊಂದದ್ದು ಅದರಲ್ಲಿತ್ತು. ಸರ್ಕಾರ ಅದನ್ನು ಸುಳ್ಳು ಎಂದಿತು. ಬಿಬಿಸಿಯ ಆಫ್ರಿಕಾ ಐ ಎಂಬ ತನಿಖಾ ತಂಡ ವಿಡಿಯೊದ ಹಿನ್ನೆಲೆಯಲ್ಲಿದ್ದ ಬೆಟ್ಟಸಾಲಿನ ಏರಿಳಿತವನ್ನು ಉಪಗ್ರಹ ನಕ್ಷೆಯ ಜೊತೆ ಹೋಲಿಸಿತು. ಜಾಗ ಸಿಕ್ಕಿತು. ಅಲ್ಲಿನ ಮನೆಗಳನ್ನು ಯಾವಾಗ ಕಟ್ಟಿದರು, ಅವು ಯಾವಾಗ ಇಲ್ಲವಾದವು ಎಂದು ಹಳೆಯ ಉಪಗ್ರಹ ಚಿತ್ರಗಳಲ್ಲಿ ನೋಡಿ, ಸೈನಿಕರ ನೆರಳು ಅಳೆದು, ಘಟನೆ 2015ರ ಮಾರ್ಚ್ ಕೊನೆ ಅಥವಾ ಏಪ್ರಿಲ್ ಮೊದಲಿನದು ಎಂದು ತೋರಿಸಿತು. 2020ರಲ್ಲಿ ಅಲ್ಲಿನ ಸೇನಾ ನ್ಯಾಯಾಲಯ ನಾಲ್ವರು ಸೈನಿಕರಿಗೆ 10 ವರ್ಷ ಜೈಲು ಹಾಕಿತು. ವಿಡಿಯೊ ಹಿಡಿದವರು ಬೆಟ್ಟ ತೋರಿಸಬೇಕೆಂದು ಹಿಡಿದಿರಲಿಲ್ಲ. ಹಿಂದೆ ಕಂಡಿತು, ಸಾಕ್ಷಿಯಾಯಿತು. ನೀವು ಬೇಕೆಂದೇ ಹಿಡಿಯಿರಿ.

ಬಾಗಿಲು ಯಾಕೆ ಮುಚ್ಚಿದೆ ಎಂದು ಕೇಳಿ

ಇಲ್ಲಿ ತುಂಬಾ ಜನ ಆತುರ ಪಡುತ್ತಾರೆ. ವಿಡಿಯೊ ಹಿಡಿದಾಯಿತು, ಸಿಟ್ಟು ಇನ್ನೂ ಬಿಸಿ ಇದೆ, ತಕ್ಷಣ ಹಾಕಿಬಿಡುತ್ತಾರೆ. ದಯವಿಟ್ಟು ಒಂದು ಗಂಟೆ ತಡೆಯಿರಿ.

ಅಕ್ಕಪಕ್ಕದವರನ್ನು ಕೇಳಿ. ಇವತ್ತು ಮಾತ್ರ ಮುಚ್ಚಿದೆಯಾ, ವಾರಕ್ಕೆ ಎಷ್ಟು ದಿನ ಹೀಗೆ? ನರ್ಸ್ ಎಲ್ಲಿ? ಎಷ್ಟೋ ಸಲ ಉತ್ತರ ಬೇರೆಯೇ ಇರುತ್ತದೆ. ಇಬ್ಬರು ಇರಬೇಕಾದ ಕಡೆ ಒಬ್ಬರೇ ನರ್ಸ್. ಅವರು ಬೆಳಿಗ್ಗೆಯೇ ಇನ್ನೊಂದು ಹಳ್ಳಿಗೆ ಮಕ್ಕಳಿಗೆ ಲಸಿಕೆ ಹಾಕಲು ನಡೆದು ಹೋಗಿದ್ದಾರೆ. ಎರಡನೇ ಹುದ್ದೆ ಖಾಲಿ ಬಿದ್ದು ತುಂಬಾ ಕಾಲವಾಗಿದೆ. ನೀವು "ಕೆಲಸಕ್ಕೆ ಬಾರದ ನರ್ಸ್" ಎಂದು ಬರೆದು ಹಾಕಿದರೆ ಏನಾಗುತ್ತದೆ? ದುಡಿಯುತ್ತಿರುವ ಒಬ್ಬರೇ ಹೆಣ್ಣುಮಗಳಿಗೆ ನೋಟಿಸ್ ಬರುತ್ತದೆ. ಹುದ್ದೆ ತುಂಬದೆ ಕೂತವರಿಗೆ ಏನೂ ಆಗುವುದಿಲ್ಲ. ಸುದ್ದಿ ಕೆಳಗಿನವರ ಮೇಲೆ ಬಿದ್ದು, ಮೇಲಿನವರು ಪಾರಾಗುವುದು ಹೀಗೇ.

ಆದ್ದರಿಂದ ಕೇಳಲೇಬೇಕಾದ ಪ್ರಶ್ನೆ ಒಂದೇ: ಇದನ್ನು ಸರಿಮಾಡುವ ಅಧಿಕಾರ ಯಾರ ಕೈಯಲ್ಲಿದೆ? ಅವರಿಗೆ ಕರೆ ಮಾಡಿ. ಎಷ್ಟು ಗಂಟೆಗೆ ಮಾಡಿದಿರಿ, ಏನು ಹೇಳಿದರು ಎಂದು ಬರೆದಿಟ್ಟುಕೊಳ್ಳಿ. ಫೋನ್ ಎತ್ತದಿದ್ದರೆ ಅದನ್ನೂ ಬರೆಯಿರಿ. ಅವರ ಉತ್ತರ ನಿಮಗೆ ಹಿಡಿಸದಿದ್ದರೂ ಸುದ್ದಿಯಲ್ಲಿ ಇರಲೇಬೇಕು.

ಮನುಷ್ಯರ ಬಗ್ಗೆ

ಕಾಯುತ್ತಿರುವ ಅಜ್ಜಿ ಮಾತಾಡಲು ಒಪ್ಪಬಹುದು. ಅವರ ಒಪ್ಪಿಗೆ ಎಂದರೆ ಕ್ಯಾಮೆರಾ ಮುಂದೆ ಸುಮ್ಮನೆ ನಿಂತದ್ದಲ್ಲ. "ಅಜ್ಜಿ, ಇದು ನಿಮ್ಮ ಊರಿಗಷ್ಟೇ ಅಲ್ಲ, ಯಾರ ಫೋನಿಗೆ ಬೇಕಾದರೂ ಹೋಗುತ್ತದೆ. ಆಮೇಲೆ ನಾನು ಬೇಡ ಅಂದರೂ ವಾಪಸ್ ಬರಲ್ಲ. ಮುಖ ತೋರಿಸಲಾ, ಬೇಡವಾ?" ಎಂದು ಕೇಳಿ. ಹಿಡಿದದ್ದನ್ನು ಅವರಿಗೆ ಹಾಕಿ ತೋರಿಸಿ. ಅವರ ಪಿಂಚಣಿಗೆ ಸಹಿ ಮಾಡುವವರು, ಜಮೀನಿನ ಕಾಗದ ಕೊಡುವವರು ಅದೇ ಕಚೇರಿಯವರು ಇರಬಹುದು. ಆ ಅಪಾಯ ನಿಮಗಿಂತ ಅವರಿಗೆ ಜಾಸ್ತಿ. ಅನುಮಾನ ಬಂದರೆ ಮುಖ ಮಸುಕು ಮಾಡಿ. ಸಿಗ್ನಲ್ ಎಂಬ ಮೆಸೇಜ್ ಆ್ಯಪ್‌ನಲ್ಲಿ ಫೋಟೊದ ಮುಖ ಮಸುಕು ಮಾಡುವ ಸೌಲಭ್ಯ ಇದೆ. ದನಿಯಿಂದಲೂ ಗುರುತು ಸಿಗುತ್ತದೆ ಎನ್ನುವುದನ್ನು ಮರೆಯಬೇಡಿ. ಹಾಗಿದ್ದಾಗ ಅವರು ಹೇಳಿದ್ದನ್ನು ನೀವು ಬರಹದಲ್ಲಿ ಹಾಕಿ.

ಮಕ್ಕಳ ಮುಖ, ರೋಗಿಯ ಕೈಯಲ್ಲಿರುವ ಚೀಟಿ, ವಾಹನದ ನಂಬರ್, ಮನೆಯ ಬಾಗಿಲು, ಇವು ಚೌಕಟ್ಟಿನೊಳಗೆ ಬಂದಿವೆಯಾ ಎಂದು ಹಾಕುವ ಮೊದಲು ಇನ್ನೊಮ್ಮೆ ನೋಡಿ.

ಮೂಲ ಫೈಲ್ ಮುಟ್ಟಬೇಡಿ

ಹಿಡಿದ ವಿಡಿಯೊವನ್ನು ಕತ್ತರಿಸುವುದು, ಮಸುಕು ಮಾಡುವುದು, ಅಕ್ಷರ ಹಾಕುವುದು ಎಲ್ಲವನ್ನೂ ಒಂದು ನಕಲಿನ ಮೇಲೆ ಮಾಡಿ. ಮೂಲ ಹಾಗೇ ಇರಲಿ. ಅದರೊಳಗೆ ಯಾವ ಫೋನು, ಯಾವ ಹೊತ್ತು, ಲೊಕೇಶನ್ ಆನ್ ಇದ್ದರೆ ಯಾವ ಜಾಗ ಎಂಬ ವಿವರ ಕೂತಿರುತ್ತದೆ. ವಾಟ್ಸ್‌ಆ್ಯಪ್‌ನಲ್ಲಿ ಮಾಮೂಲಿಯಾಗಿ ಕಳಿಸಿದರೆ ಫೈಲ್ ಕುಗ್ಗುತ್ತದೆ, ಆ ವಿವರವೂ ಉದುರಿಹೋಗುತ್ತದೆ. ಪರಿಶೀಲಿಸುವವರಿಗೆ ಕಳಿಸುವಾಗ 'ಡಾಕ್ಯುಮೆಂಟ್' ಆಗಿ ಕಳಿಸಿ. ಆದರೆ ಇದೇ ವಿವರ ನಿಮ್ಮ ಮನೆಯ ಜಾಗವನ್ನೂ ಹೇಳಿಬಿಡಬಹುದು. ಹಾಗಾಗಿ ಮೂಲವನ್ನು ನಂಬಿಕಸ್ತರಿಗೆ ಮಾತ್ರ ಕೊಡಿ.

ಇನ್ನೊಂದು ಪ್ರತಿ ಬೇರೆಯವರ ಹತ್ತಿರ ಇರಲಿ, ಅದೂ ಇಂಟರ್ನೆಟ್ ಬೇಡದ ಕಡೆ. ಮೆಮೊರಿ ಕಾರ್ಡ್ ಆದರೂ ಸಾಕು. ಈಜಿಪ್ಟ್‌ನಲ್ಲಿ 2011ರ ಜನವರಿ 28ರ ಹೊತ್ತಿಗೆ ಇಡೀ ದೇಶದ ಇಂಟರ್ನೆಟ್ ಬಹುತೇಕ ಕಡಿದುಹಾಕಿದ್ದರು. ಚುನಾವಣೆ, ಪ್ರತಿಭಟನೆಯ ದಿನಗಳಲ್ಲಿ ನೆಟ್ ಹೋಗುವುದು ಈಗ ಎಷ್ಟೋ ದೇಶಗಳಲ್ಲಿ ನಡೆಯುತ್ತದೆ. ಫೋನಿಗೆ ಬೆರಳಚ್ಚಿನ ಬದಲು ಉದ್ದನೆಯ ಪಾಸ್‌ಕೋಡ್ ಇಡಿ. ಬಲವಂತ ಮಾಡಿ ಬೆರಳು ಒತ್ತಿಸುವುದು ಸುಲಭ.

ಹಾಕುವಾಗ ಏನು ಬರೆಯಬೇಕು

ನಾನಾದರೆ ಹೀಗೆ ಬರೆಯುತ್ತೇನೆ: "ಸೋಮವಾರ ಬೆಳಿಗ್ಗೆ 10.20. ಆರೋಗ್ಯ ಕೇಂದ್ರಕ್ಕೆ ಬೀಗ ಹಾಕಿದೆ. ಬೋರ್ಡಿನಲ್ಲಿ 9 ಗಂಟೆಗೆ ತೆರೆಯುತ್ತದೆ ಎಂದಿದೆ. ಇಲ್ಲಿ ಎರಡು ಹುದ್ದೆ ಇದ್ದು ಒಂದು ಖಾಲಿ. ಇರುವ ಒಬ್ಬ ನರ್ಸ್ ಲಸಿಕೆ ಕೆಲಸಕ್ಕೆ ಹೋಗಿದ್ದಾರೆ. ಆರೋಗ್ಯಾಧಿಕಾರಿಗೆ 11 ಗಂಟೆಗೆ ಕರೆ ಮಾಡಿದೆವು, ವಿಚಾರಿಸುತ್ತೇನೆ ಎಂದರು. ಖಾಲಿ ಹುದ್ದೆ ಯಾವಾಗ ತುಂಬುತ್ತಾರೆ?" ಇಷ್ಟೇ. ಕೊನೆಗೆ ಒಂದೇ ಪ್ರಶ್ನೆ. ಪ್ರಶ್ನೆ ಒಂದೇ ಇದ್ದರೆ ಉತ್ತರ ಬಂತಾ ಇಲ್ಲವಾ ಎಂದು ಎಲ್ಲರಿಗೂ ಕಾಣುತ್ತದೆ. "ಶೇರ್ ಮಾಡಿ, ಎಚ್ಚೆತ್ತುಕೊಳ್ಳಿ" ಎಂಬ ಮಾತು ಬೇಡ.

ತಾರೀಖು, ಜಾಗವನ್ನು ವಿಡಿಯೊದ ಮೇಲೆಯೇ ಅಕ್ಷರದಲ್ಲಿ ಹಾಕಿ. ಫಾರ್ವರ್ಡ್ ಆಗುತ್ತಾ ಹೋದಂತೆ ಕೆಳಗಿನ ಬರಹ ಕಳಚಿಬೀಳುತ್ತದೆ, ಬರೀ ಚಿತ್ರ ಉಳಿಯುತ್ತದೆ. ಅದರ ಫಲ ಎಷ್ಟು ಘೋರ ಎಂಬುದಕ್ಕೆ 2018ರ ಭಾರತವೇ ಸಾಕು. ಮಕ್ಕಳ ಸುರಕ್ಷತೆ ಬಗ್ಗೆ ಕರಾಚಿಯಲ್ಲಿ ಮಾಡಿದ್ದ ಒಂದು ಜಾಗೃತಿ ವಿಡಿಯೊ ಇತ್ತು. ಬೈಕಿನವರು ಮಗುವನ್ನು ಎತ್ತಿಕೊಂಡು ಹೋಗಿ ಕೊನೆಗೆ ವಾಪಸ್ ತಂದು ಬಿಡುತ್ತಾರೆ. ಯಾರೋ ಆ ಕೊನೆಯನ್ನು ಕತ್ತರಿಸಿದರು. ಮಕ್ಕಳ ಕಳ್ಳರು ಬಂದಿದ್ದಾರೆ ಎಂಬ ಸುಳ್ಳು ಸುದ್ದಿ ಅದರ ಜೊತೆ ಊರೂರು ಸುತ್ತಿತು. ಏನೂ ತಿಳಿಯದ ದಾರಿಹೋಕರನ್ನು ಗುಂಪು ಹೊಡೆದು ಕೊಂದ ಘಟನೆಗಳು ನಡೆದವು. ಅದೇ ವರ್ಷದ ಜುಲೈನಲ್ಲಿ ವಾಟ್ಸ್‌ಆ್ಯಪ್ ಭಾರತದಲ್ಲಿ ಒಮ್ಮೆಗೆ ಐದು ಕಡೆಗೆ ಮಾತ್ರ ಫಾರ್ವರ್ಡ್ ಮಾಡುವ ಮಿತಿ ತಂದಿತು. ನಿಮಗೆ ಬಂದ ವಿಡಿಯೊವನ್ನು ನಿಮ್ಮದರ ಜೊತೆ ಸೇರಿಸಿ ಹಾಕುವ ಆಸೆ ಬಂದಾಗ ಇದು ನೆನಪಿರಲಿ. ನೀವು ಹಿಡಿಯದ, ಹಿಡಿದವರು ಯಾರೆಂದು ತಿಳಿಯದ ತುಣುಕನ್ನು ಮುಟ್ಟಲೇಬೇಡಿ.

ತಪ್ಪು ಇದೆ ಎಂದು ಯಾರಾದರೂ ತೋರಿಸಿಕೊಟ್ಟರೆ ಪೋಸ್ಟ್ ಸದ್ದಿಲ್ಲದೆ ಅಳಿಸಬೇಡಿ. ಏನು ತಪ್ಪಿತ್ತು, ಸರಿ ಏನು ಎಂದು ಅದೇ ಜಾಗದಲ್ಲಿ ಬರೆಯಿರಿ.

ಫೇಸ್‌ಬುಕ್ ನೋಡದವರಿಗೂ ಮುಟ್ಟಬೇಕು

ಆರೋಗ್ಯ ಕೇಂದ್ರ ಮುಚ್ಚಿದರೆ ಜಾಸ್ತಿ ಪೆಟ್ಟು ಯಾರಿಗೆ? ಖಾಸಗಿ ಆಸ್ಪತ್ರೆಗೆ ಹೋಗಲಾಗದವರಿಗೆ. ಅವರ ಹತ್ತಿರ ಸ್ಮಾರ್ಟ್‌ಫೋನ್ ಇಲ್ಲದಿರಬಹುದು, ಇದ್ದರೂ ಅದು ಗಂಡನ ಅಥವಾ ಮಗನ ಜೇಬಿನಲ್ಲಿರಬಹುದು. ಪೋಸ್ಟಿಗೆ ಎಷ್ಟು ಲೈಕ್ ಬಂದರೂ ಅವರ ಮಾತು ಅದರಲ್ಲಿ ಇಲ್ಲ, ಅಲ್ವಾ?

ಇದಕ್ಕೆ ದಾರಿ ಕಂಡುಕೊಂಡವರಿದ್ದಾರೆ. ಛತ್ತೀಸ್‌ಗಢದ ಸಿಜಿನೆಟ್ ಸ್ವರ 2010ರಿಂದ ಮಾಮೂಲಿ ಫೋನ್ ಕರೆಯಲ್ಲೇ ಸುದ್ದಿ ಹೇಳುವ, ಕೇಳುವ ವ್ಯವಸ್ಥೆ ನಡೆಸಿತು. ಓದು ಬರಹ ಬಾರದವರೂ ತಮ್ಮ ಗೋಂಡಿ ಭಾಷೆಯಲ್ಲಿ ತಮ್ಮ ದೂರು ರೆಕಾರ್ಡ್ ಮಾಡಬಹುದಿತ್ತು. ಪರಿಶೀಲಿಸಿದ ಮೇಲೆ ಅದು ಪ್ರಸಾರವಾಗುತ್ತಿತ್ತು. ನನಗೆ ಅದರಲ್ಲಿ ತುಂಬಾ ಇಷ್ಟವಾದದ್ದು ಒಂದು ಪದ್ಧತಿ: ದೂರಿನ ಕೊನೆಗೆ ಸಂಬಂಧಪಟ್ಟ ಅಧಿಕಾರಿಯ ಕಚೇರಿ ನಂಬರ್ ಹೇಳಿ, ಕೇಳಿದವರೂ ಕರೆ ಮಾಡಿ ವಿಚಾರಿಸಿ ಎನ್ನುತ್ತಿದ್ದರು. ಕೇಳಿದವರು ನಿಜವಾಗಿ ಕರೆ ಮಾಡುತ್ತಿದ್ದರು. ಕೀನ್ಯಾದಲ್ಲಿ 2007ರ ಕೊನೆಯ ಚುನಾವಣೆಯ ಬೆನ್ನಲ್ಲೇ ಹಿಂಸಾಚಾರ ಎದ್ದಾಗ ಉಶಾಹಿದಿ ಎಂಬ ವೇದಿಕೆ ಹುಟ್ಟಿತು. ಜನ ಎಸ್‌ಎಂಎಸ್, ಇಮೇಲ್ ಮೂಲಕ ಕಳಿಸಿದ ವರದಿಗಳನ್ನು ಅದು ನಕ್ಷೆಯ ಮೇಲೆ ಗುರುತು ಹಾಕಿತು.

ಊರಿನ ಪತ್ರಿಕೆ, ರೇಡಿಯೊ, ಟಿವಿಗೂ ಕಳಿಸಿ. 2010ರ ಡಿಸೆಂಬರ್‌ನಲ್ಲಿ ಟುನೀಶಿಯಾದ ಸಿದಿ ಬೂಜಿದ್ ಪಟ್ಟಣದ ಪ್ರತಿಭಟನೆಯನ್ನು ಅಲ್ಲಿನವರು ಮೊಬೈಲಿನಲ್ಲಿ ಹಿಡಿದು ಫೇಸ್‌ಬುಕ್‌ಗೆ ಹಾಕಿದರು. ಅಲ್ ಜಜೀರಾ ಟಿವಿ ಅದನ್ನು ಎತ್ತಿಕೊಂಡ ಮೇಲೆ ಇಂಟರ್ನೆಟ್ ಇಲ್ಲದ ಮನೆಗಳಿಗೂ ಸುದ್ದಿ ಮುಟ್ಟಿತು.

ಹಾಕಿದ ಮೇಲೆ

ಕೆಲಸ ಇಲ್ಲಿ ಅರ್ಧ ಆಗಿದೆ. ವಿಡಿಯೊ ಜೊತೆ ಬರಹದ ದೂರನ್ನೂ ಕೊಡಿ, ಅದರ ಇನ್ನೊಂದು ಪ್ರತಿಯ ಮೇಲೆ ತಾರೀಖು, ಸೀಲು ಹಾಕಿಸಿಕೊಳ್ಳಿ. ಮಾಹಿತಿ ಹಕ್ಕಿನ ಕಾನೂನು ಈಗ ನೂರಕ್ಕೂ ಜಾಸ್ತಿ ದೇಶಗಳಲ್ಲಿದೆ. ಭಾರತದಲ್ಲಿ ಮಾಮೂಲಿ ಅರ್ಜಿಗೆ 30 ದಿನದಲ್ಲಿ, ಕೀನ್ಯಾದಲ್ಲಿ 21 ದಿನದಲ್ಲಿ ಉತ್ತರ ಕೊಡಬೇಕು. "ಆರೋಗ್ಯ ಕೇಂದ್ರದ ಸ್ಥಿತಿ ತಿಳಿಸಿ" ಎಂದು ಕೇಳಬೇಡಿ. ಮಂಜೂರಾದ ಹುದ್ದೆ ಎಷ್ಟು, ಖಾಲಿ ಎಷ್ಟು, ಯಾವ ತಾರೀಖಿನಿಂದ ಖಾಲಿ, ತುಂಬಲು ಬರೆದ ಪತ್ರಗಳ ನಕಲು ಕೊಡಿ ಎಂದು ಕೇಳಿ. ಬಂದ ಉತ್ತರವನ್ನು ಮೊದಲ ಪೋಸ್ಟಿನ ಕೆಳಗೇ ಹಾಕಿ. ಊರಿನ ಸಭೆಯಲ್ಲಿ ಗಟ್ಟಿಯಾಗಿ ಓದಿಸಿ. ಚುನಾವಣೆಗೆ ನಿಂತವರು ಬಾಗಿಲಿಗೆ ಬಂದಾಗ ಅದೇ ಕಾಗದ ಮುಂದಿಟ್ಟು, ಈ ಹುದ್ದೆಗೆ ನೀವೇನು ಮಾಡುತ್ತೀರಿ ಎಂದು ಕೇಳಿ. ಉತ್ತರವನ್ನು ರೆಕಾರ್ಡ್ ಮಾಡುತ್ತೇವೆ ಎಂದು ಮೊದಲೇ ಹೇಳಿ.

ಇದೆಲ್ಲ ಒಬ್ಬರೇ ಮಾಡಬೇಡಿ. ಒಬ್ಬರ ಹೆಸರಲ್ಲಿ ಹೊರಟರೆ ಬೆದರಿಕೆಯೂ ಒಬ್ಬರಿಗೇ ಬರುತ್ತದೆ. ನಾಲ್ಕೈದು ಜನ ಸೇರಿ, ದೂರಿಗೆ ಎಲ್ಲರೂ ಸಹಿ ಹಾಕಿ, ಕಚೇರಿಗೆ ಇಬ್ಬರಾದರೂ ಜೊತೆಗೆ ಹೋಗಿ. ಒಂದು ನೋಟ್‌ಪುಸ್ತಕದಲ್ಲಿ ಬರೆದಿಡಿ: ಯಾವ ದಿನ ಹಿಡಿದೆವು, ಯಾರಿಗೆ ಕೇಳಿದೆವು, ಏನು ಹೇಳಿದರು, ಮುಂದೆ ಯಾವಾಗ ಹೋಗಬೇಕು. ಹುದ್ದೆ ತುಂಬಿ ಬಾಗಿಲು ತೆರೆದ ಮೇಲೆ ಅದೇ ಜಾಗದಲ್ಲಿ ನಿಂತು, ಅದೇ ಗುಡ್ಡ, ಅದೇ ಬೋರ್ಡ್ ಕಾಣುವ ಹಾಗೆ ಇನ್ನೊಮ್ಮೆ ಹಿಡಿದು ಹಾಕಿ, ಕೆಲಸ ಮಾಡಿಸಿದ ಅಧಿಕಾರಿಯ ಹುದ್ದೆಯನ್ನೂ ಬರೆಯಿರಿ. ಮೂರು ತಿಂಗಳು ಬಿಟ್ಟು ಮತ್ತೆ ಹೋಗಿ ನೋಡಿ.