ನಿಶಿತಾಮಾ ಗುನ್‌ನ ಆಡಳಿತ ಚರಿತ್ರೆ: ಕೋಷ್ಟಕ ಕಟ್ಟಿದ ಬಗೆ

ಟೋಕಿಯೋದ ಪಶ್ಚಿಮದಂಚಿನ ಗುಡ್ಡಗಾಡು ನಿಶಿತಾಮಾ ಗುನ್. ಇಂದು ಅದರಲ್ಲಿ ಉಳಿದಿರುವುದು ಮಿಜುಹೋ, ಹಿನೋದೆ, ಓಕುತಾಮಾ ಎಂಬ ಮೂರು ಪಟ್ಟಣ ಮತ್ತು ಹಿನೋಹಾರಾ ಎಂಬ ಒಂದೇ ಹಳ್ಳಿ. ಚರಿತ್ರೆ ಬರೆಯಲು ಕೂತವರು ಮೊದಲು ಎಡವುವುದು 'ಗುನ್' ಪದದಲ್ಲೇ: ಪಟ್ಟಣ, ಹಳ್ಳಿಗಳ ಒಂದು ಗುಂಪಿನ ಹೆಸರು ಅದು. ಅದನ್ನು ತಾಲ್ಲೂಕು ಎಂದುಬಿಟ್ಟರೆ ಓದುವವರು ಕಚೇರಿ, ಅಧಿಕಾರಿಗಳನ್ನು ಊಹಿಸಿಕೊಳ್ಳುತ್ತಾರೆ. ಗುನ್‌ಗೂ ಅವು ಇದ್ದವು. ಆದರೆ ಅದರ ಸಭೆ 1923ರಲ್ಲಿ, ಕಚೇರಿ 1926ರಲ್ಲಿ ರದ್ದಾದವು. ಅಲ್ಲಿಂದೀಚೆಗೆ ಗುನ್ ಬದುಕಿರುವುದು ಮುಖ್ಯವಾಗಿ ವಿಳಾಸದಲ್ಲಿ. ಅದಕ್ಕೇ ನಾನು ಕೋಷ್ಟಕದಲ್ಲಿ ಹೆಸರಿದ್ದ ಅವಧಿಗೂ ಅಧಿಕಾರವಿದ್ದ ಅವಧಿಗೂ ಬೇರೆ ಬೇರೆ ಕಾಲಂ ಇಟ್ಟೆ.

ಕೋಷ್ಟಕದ ಒಂದು ಸಾಲು ಎಂದರೆ ಒಂದು ಊರಾಡಳಿತ: ಹುಟ್ಟಿದ ದಿನ, ಮುಗಿದ ದಿನ, ಯಾವುದರಿಂದ ಬಂತು, ಯಾವುದಕ್ಕೆ ಸೇರಿತು, ಆಗ ಯಾವ ಪ್ರಾಂತ್ಯ. ದಿನಾಂಕಗಳು ದಾಖಲೆಯಲ್ಲಿ ಸಿಗುವುದು ಚಕ್ರವರ್ತಿಗಳ ಶಕೆಯಲ್ಲಿ. ಮೇಜಿ ವರ್ಷಕ್ಕೆ 1867, ತಾಯಿಶೋಗೆ 1911, ಶೋವಾಗೆ 1925, ಹೇಸೇಗೆ 1988 ಕೂಡಿಸಬೇಕು. ಈ ಲೆಕ್ಕ 1873ರ ಜನವರಿ 1ರಿಂದ ಈಚೆಗೆ ಮಾತ್ರ ಸಲೀಸು. ಅದಕ್ಕೂ ಹಿಂದಿನದು ಚಾಂದ್ರಮಾನ ಪಂಚಾಂಗ. ಅಲ್ಲಿ ತಿಂಗಳು, ದಿನವನ್ನೂ ಪರಿವರ್ತಿಸದಿದ್ದರೆ ವರ್ಷದ ಕೊನೆಯ ಆದೇಶಗಳು ತಪ್ಪು ವರ್ಷಕ್ಕೆ ಬೀಳುತ್ತವೆ.

ಪ್ರಾಂತ್ಯದ ಕಾಲಂ ಬೇಡವೆನಿಸಬಹುದು, ಆದರೆ ನನಗೆ ಹೆಚ್ಚು ತಪ್ಪು ಸಿಕ್ಕಿದ್ದು ಅಲ್ಲೇ. 1878ರಲ್ಲಿ ಹಳೆಯ ತಾಮಾ ಗುನ್ ನಾಲ್ಕಾಗಿ ಒಡೆದಾಗ ಪೂರ್ವದ ಭಾಗ ಟೋಕಿಯೋದಲ್ಲಿತ್ತು, ನಿಶಿತಾಮಾ ಸೇರಿ ಉಳಿದ ಮೂರು ಪಕ್ಕದ ಕಾನಗಾವಾ ಪ್ರಾಂತ್ಯದಲ್ಲಿದ್ದವು. ಟೋಕಿಯೋ ನಗರಕ್ಕೆ ನೀರು ತಾಮಾ ನದಿಯಿಂದ ಬರುತ್ತಿದ್ದುದರಿಂದ ಅದರ ಮೇಲುಭಾಗ ತನ್ನ ಕೈಯಲ್ಲಿರಬೇಕೆಂಬ ಕಾರಣ ಮುಂದಿಟ್ಟು 1893ರ ಏಪ್ರಿಲ್ 1ಕ್ಕೆ ಆ ಮೂರನ್ನೂ ಟೋಕಿಯೋಗೆ ಸೇರಿಸಲಾಯಿತು. ಹಾಗಾಗಿ 1881ರಲ್ಲಿ ನಿಶಿತಾಮಾದ ಇತ್ಸುಕಾಯಿಚಿ ಎಂಬ ಊರಲ್ಲಿ ಸಿದ್ಧವಾದ ಸಂವಿಧಾನದ ಕರಡನ್ನು 'ಟೋಕಿಯೋದ ಹಳ್ಳಿಗರದು' ಎಂದು ಬರೆಯುವಂತಿಲ್ಲ. ಆಗ ಇತ್ಸುಕಾಯಿಚಿ ಕಾನಗಾವಾದ ಊರು. ಮಿಜುಹೋದ ಸಾಲಿನಲ್ಲೂ ಇಂಥದೇ ತೊಡಕಿದೆ. ಪಕ್ಕದ ಸೈತಾಮಾದ ಮೋತೋಸಾಯಾಮಾ ಹಳ್ಳಿಯ ಒಂದು ಪಾಲು 1958ರಲ್ಲಿ ಪ್ರಾಂತ್ಯದ ಗಡಿ ದಾಟಿ ಅದಕ್ಕೆ ಸೇರಿತು. ಟೋಕಿಯೋದ ಪಟ್ಟಿಯನ್ನಷ್ಟೇ ನೋಡಿದರೆ ಆ ಹಳ್ಳಿ ಎಲ್ಲಿಂದ ಬಂತೆಂಬುದೇ ತಿಳಿಯದು.

ವಿಲೀನದಲ್ಲಿ ಎರಡು ಬಗೆ. ಹೊಸ ಸ್ಥಾಪನೆಯಾದರೆ ಸೇರಿದವೆಲ್ಲ ಅಂದೇ ರದ್ದು, ಹೆಸರು ಹಳೆಯದೇ ಇದ್ದರೂ ಸಾಲು ಹೊಸದು. ಸೇರ್ಪಡೆಯಾದರೆ ದೊಡ್ಡದರ ಸಾಲು ಮುಂದುವರಿಯುತ್ತದೆ. 1955ರ ಏಪ್ರಿಲ್ 1 ಎರಡಕ್ಕೂ ಉದಾಹರಣೆ: ಅಂದು ಓಮೆ ನಗರ ನಾಲ್ಕು ಹಳ್ಳಿಗಳನ್ನು ಒಳಗೆ ತೆಗೆದುಕೊಂಡಿತು. ಅಂದೇ ಹಿಕಾವಾ ಪಟ್ಟಣ, ಕೋರಿ ಮತ್ತು ಓಗೋಚಿ ಹಳ್ಳಿಗಳು ಇಲ್ಲವಾಗಿ ಓಕುತಾಮಾ ಪಟ್ಟಣ ಹುಟ್ಟಿತು.

ಓಗೋಚಿಯ ಸಾಲನ್ನು ನಿಧಾನವಾಗಿ ನೋಡಬೇಕು. 1889ರಲ್ಲಿ ಹಾರಾ, ಕೋಚಿ, ಕವಾನೋ, ತೋಜುರಾ ಎಂಬ ನಾಲ್ಕು ಹಳ್ಳಿ ಸೇರಿ ಅದಾಯಿತು. 1955ರಲ್ಲಿ ಅದೇ ಕರಗಿತು. 1957ರಲ್ಲಿ ಓಗೋಚಿ ಅಣೆಕಟ್ಟು ಮುಗಿದು ಕಣಿವೆಯ ತಳ ನೀರಿನಡಿ ಹೋಯಿತು. ಇಷ್ಟಾದರೂ ಇಂದಿನ ಓಕುತಾಮಾ ವಿಳಾಸದಲ್ಲಿ ಉಳಿದಿರುವುದು ಓಗೋಚಿಯಲ್ಲ, 1889ಕ್ಕೂ ಹಿಂದಿನ ಆ ನಾಲ್ಕು ಹೆಸರು! ವಿಲೀನವಾದ ಹಳ್ಳಿಯ ಹೆಸರು ಹೀಗೆ 'ಓಆಜಾ' ಎಂಬ ವಿಳಾಸದ ಘಟಕವಾಗಿ ಉಳಿಯುವುದುಂಟು. ಆದ್ದರಿಂದ ಮೂಲ ಹುಡುಕಲು ನಾನು ವಿಳಾಸದಿಂದ ಹಿಂದಕ್ಕೆ ಹೋಗುತ್ತೇನೆ.

ಊರ ಹೆಸರಿನ ಉಚ್ಚಾರವನ್ನು ಜಪಾನಿ ಅಕ್ಷರ ನೋಡಿ ಊಹಿಸಬಾರದು. ತೋಜುರಾ, ನಿಪ್ಪಾರಾ, ಉನಾಜಾವಾ, ಇವು ಸ್ಥಳೀಯ ಓದುಗಳು. ಒಂದೇ ಹೆಸರಿನ ಎರಡು ಊರುಗಳೂ ಇವೆ: 1951ರಲ್ಲಿ ಓಮೆಗೆ ಸೇರಿದ ಚೋಫು ಹಳ್ಳಿ ಬೇರೆ, ತಾಮಾದ ನಾಲ್ಕು ಭಾಗಗಳಲ್ಲೊಂದಾದ ಕಿತಾತಾಮಾದಲ್ಲಿದ್ದು ಇಂದು ನಗರವಾಗಿರುವ ಚೋಫು ಬೇರೆ.

ಜನಸಂಖ್ಯೆಯ ನಕ್ಷೆ ಬರೆಯುವವರಿಗೆ ಒಂದು ಎಚ್ಚರಿಕೆ. ನಗರವಾದ ಊರು ಆ ದಿನವೇ ಗುನ್‌ನಿಂದ ಹೊರಗೆ. ಓಮೆ 1951ರಲ್ಲಿ, ಫುಸ್ಸಾ 1970ರಲ್ಲಿ, ಅಕಿಗಾವಾ 1972ರಲ್ಲಿ, ಹಾಮುರಾ 1991ರಲ್ಲಿ ಹೊರಬಿದ್ದವು. 1995ರಲ್ಲಿ ಇತ್ಸುಕಾಯಿಚಿ ಅಕಿಗಾವಾ ಜತೆ ಸೇರಿ ಅಕಿರುನೋ ನಗರವಾಯಿತು. ಯಾರೂ ಮನೆ ಬಿಡದಿದ್ದರೂ ಗುನ್‌ನ ಅಂಕಿ ಧಡ್ಡನೆ ಇಳಿಯುತ್ತದೆ. ಹೋಲಿಕೆ ಬೇಕಾದರೆ ಹೊರಬಿದ್ದ ನಗರಗಳನ್ನೂ ಕೂಡಿಸಿ, ಒಂದೇ ಗಡಿಯಲ್ಲಿ ಎಣಿಸಬೇಕು.

ಕೊನೆಗೆ ಪ್ರತಿ ಸಾಲಿಗೂ ಸರ್ಕಾರಿ ಸಂಖ್ಯೆ ಹಾಕುತ್ತೇನೆ: ಮಿಜುಹೋ 13303, ಹಿನೋದೆ 13305, ಹಿನೋಹಾರಾ 13307, ಓಕುತಾಮಾ 13308. ಪೂರ್ತಿ ಸಂಖ್ಯೆಯಲ್ಲಿ ಆರು ಅಂಕಿ. ಆರನೆಯದು ತಾಳೆ ಅಂಕಿ, ಅಂದರೆ ಉಳಿದ ಐದು ಸರಿಯೇ ಎಂದು ಪರೀಕ್ಷಿಸುವ ಅಂಕಿ. ಐದು ಅಂಕಿಗಳನ್ನು ಕ್ರಮವಾಗಿ 6, 5, 4, 3, 2ರಿಂದ ಗುಣಿಸಿ ಕೂಡಿಸಿ, ಮೊತ್ತವನ್ನು 11ರಿಂದ ಭಾಗಿಸಿ, ಶೇಷವನ್ನು 11ರಿಂದ ಕಳೆಯಬೇಕು. ಓಕುತಾಮಾಗೆ ಮೊತ್ತ 49, ಶೇಷ 5, ತಾಳೆ ಅಂಕಿ 6.